ಸಿಂದಗಿ ಅನ್ನು

ನಮ್ಮಪ್ಪ ಬಂಗಾರದ ಹಲ್ಲು ಕೂಡಿಸತಿದ್ದ,
ವಿಜಾಪುರದ ಸಾಹುಕಾರರ ಬಾಯಿಗೆ.
ನನ್ನ ಕಾಲಕ್ಕ ಬಂಗಾರ ಹೋಗಿ ಗುಲಾಬಿ ಪ್ಲಾಸ್ಟಿಕ್ ಬಂತು.
ಚೌಕಿನ ಹಿಂದ, ಹನ್ನೊಂದು ಮೆಟ್ಟಲ ಹತ್ತಿದರ ನನ್ನ ಅಂಗಡಿ.

ಅಂವ ಬಂದದ್ದು ಸಂಜೀಕ, ಬಸ್ ಡಿಪೋದ ಖಾಕಿಯೊಳಗ,
ಕೈಗೆಲ್ಲಾ ಟೈರಿನ ಕರಿ. ಬಾಗಿಲಿಗೆ ತಲಿ ತಾಗಿತು.
"ಪತ್ತಾರಾ, ಎರಡು ಕ್ವಾರಿಹಲ್ಲು ಬೇಕು, ಮುಂಜಾನಿಗೆ.
ಬಾರಾಕಮಾನಿನಾಗ ಶೂಟಿಂಗು.
ನಾ ದೆವ್ವ."
ಹೆಸರು ಕೇಳಿದೆ. ಭೂತಾಳಿ, ಅಂದ.
ಮನಿದೇವರ ಹೆಸರು, ನಗಬ್ಯಾಡ, ಅಂದ.
ಡೈರೆಕ್ಟರ ಮಾತ್ರ ಭಾಳ ಖುಷಿ ಆಗಿದ್ದನಂತ.

ಮಂದಿ ಹಲ್ಲು ಸಾವಿರ ಮಾಡೀನಿ, ದೆವ್ವದ್ದು ಹೆಂಗಿರತೈತಿ?
ಮೆಟ್ಟಲ ಕೆಳಗ ಮಲಗಿದ್ದ ನಾಯಿ ತುಟಿ ಎತ್ತಿ ನೋಡಿದೆ,
ಅದು ಬೈಕೋತ ತೋರಿಸಿತು.
ರಾತ್ರಿಯೆಲ್ಲಾ ಮೇಣ ಕೆತ್ತಿದೆ. ಎಡಗಡಿದು
ಕೂದಲೆಳಿಯಷ್ಟು ಸೊಟ್ಟ ಬಂತು. ಹೊತ್ತಾಗಿತ್ತು, ಬಿಟ್ಟೆ.
ನಲವತ್ತು ರೂಪಾಯಿ ಅಂದೆ. ಇಪ್ಪತ್ತೈದು ಕೊಟ್ಟ.

ಕೊಟ್ಟಮ್ಯಾಲೂ ಹೋಗಲಿಲ್ಲ.
ಹಲ್ಲು ಹಾಕ್ಕೊಂಡರ ಮಾತು ತೊದಲತಿತ್ತು.
ಬೆಂಚಿನ ಮ್ಯಾಲ ಕೂತು ಡಿಪೋದ ಬೋರ್ಡು ಅಂದ, ಬಾಯಿಪಾಠ:
ಇಂಡಿ, ಝಳಕಿ, ಚಡಚಣ,
ಬಸವನ ಬಾಗೇವಾಡಿ, ತಾಳಿಕೋಟಿ, ಸಿಂದಗಿ.
ಸಿಂದಗಿ ಶಿಂದಗಿ ಆಗತಿತ್ತು.
ಮತ್ತ ಮೊದಲಿಂದ. ಇಂಡಿ, ಝಳಕಿ…
ಹಾಲಿನವ ಬರೂ ಹೊತ್ತಿಗೆ ಸಿಂದಗಿ ಸಿಂದಗೀನ ಆತು.

ಪಿಕ್ಚರ್ ಬಂತು. ನಾಕು ದಿನ ಓಡಿತು.
ನನ್ನ ಹಲ್ಲು, ಪರದೆ ಮ್ಯಾಲ, ಬಾಗಿಲದಷ್ಟು.
ಮಂದಿ ಚೀರಿತು. ನಾ ಎಡಗಡಿದು ನೋಡಿದೆ.
ಅವನ ಬಾಯಾಗ ಮಾತ್ರ ಯಾರದೋ ದನಿ,
ಬೆಂಗಳೂರಿನ ಯಾವುದೋ ಖೋಲಿಯಾಗ ಕೂತು ಹಚ್ಚಿದ್ದು:
"ಬರ್ತೀನಿ ಕಣೇ."
ನಮ್ಮ ಕಡೆ ದೆವ್ವ ಕಣೇ ಅಂತಾವೇನು?
ನಮ್ಮ ಮಾತು ಬಂದರ ಮಂದಿ ನಗತಾರಂತ, ಪತ್ತಾರಾ,
ಅದನ್ನ ಕಾಮಿಡಿಯವರಿಗೆ ಇಟ್ಟಾರಂತ.

ಮುಂದ ಹದಿನೇಳು ಪಿಕ್ಚರು,
ಪಗಾರಿಲ್ಲದ ರಜಾ, ಡಿಪೋದಿಂದ ಎರಡು ಮೆಮೊ.
ದರೋಡೆಕೋರರೊಳಗ ಎಲ್ಲಾರಕ್ಕಿಂತ ಮೊದಲು ಸಾಯಾವ,
ಮಂತ್ರವಾದಿ ಹಿಂದ ನಿಂಬಿಹಣ್ಣಿನ ಬುಟ್ಟಿ ಹಿಡಿದವ,
ಬಾವ್ಯಾಗಿಂದ ಎದ್ದು ಬರೂ ಕೈ, ಬರೇ ಕೈ,
ಅದಕ್ಕೂ ಎರಡು ದಿನ ನೀರಾಗ ನಿಂತ,
ಹದಿನೈದು ದಿನ ಸೀನಿದ.
ಟೈಟಲಿನಾಗ ಒಮ್ಮೆ ಬೂತಾಳಿ, ಒಮ್ಮೆ ಬೇತಾಳಿ,
ಉಳಿದಾಗ ಮತ್ತಿತರರು.
ಹೆಂಡತಿ ಲಗಮವ್ವ ಹಲ್ಲಿನ ಡಬ್ಬಿ
ದೇವರ ಜಗಲಿ ಕಡೆ ಹಾಯಗೊಡಲಿಲ್ಲ,
ಉಪ್ಪಿನ ಗಡಿಗಿ ಹಿಂದ ಇಟ್ಟಳು.

ವಯಸ್ಸಾತು. ಪಾತ್ರ ಒಂದ ಉಳೀತು:
ಪಾಳು ಬಂಗಲೆ ಗೇಟಿನ ಮುದುಕ, ಕೈಯಾಗ ಕಂದೀಲು.
ಕಾಲೇಜು ಹುಡುಗರು ಜೀಪಿನಾಗ ಬರತಾರ.
"ಆ ಕಡೆ ಹೋಗಬೇಡಿ" ಅನಬೇಕು.
ನಕ್ಕು ಹೋಗತಾರ.
ಹೋಗಲಿಲ್ಲಂದರ ಪಿಕ್ಚರ್ ಎಲ್ಲೈತಿ, ಅಂತಿದ್ದ.
ಯಾರೂ ಕೇಳದಂಗ ಹೇಳಬೇಕು, ಪತ್ತಾರಾ,
ಆದರ ಖರೇನ ಹೇಳಬೇಕು.
ಕಠಿಣ ಐತಿ ಅದು.

ಮೊನ್ನೆ ಹನ್ನೊಂದು ಮೆಟ್ಟಲ, ನಡಕ ಎರಡು ಸಲ ಕೂತು,
ಹತ್ತಿ ಬಂದ. ಬಾಯಾಗ ಒಂದೂ ಹಲ್ಲಿಲ್ಲ.
ಹಳೇ ಹದಿನೈದು ರೂಪಾಯಿ ಮೇಜಿನ ಮ್ಯಾಲ ಇಟ್ಟು
ಪೂರಾ ಸೆಟ್ಟು, ಅಂದ.
ಅಳತಿ ತಗೊಂಡೆ, ವಾರದಾಗ ಮೇಣದಾಗ ಕೂಡಿಸಿದೆ,
ಈ ಸಲ ಎಡಗಡಿದು ನೆಟ್ಟಗ.
ಕನ್ನಡಿ ಕೊಟ್ಟೆ. ನೋಡಲಿಲ್ಲ.
ಸಿಂದಗಿ ಅನ್ನು, ಅಂದೆ.

ಇಂಡಿ, ಅಂದ. ಝಳಕಿ. ಚಡಚಣ.
ದವಡೆ ಹಿಡಕೊಂಡು ಕೂತ ಮಂದಿ ತಿರುಗಿ ನೋಡಿತು.
ತಾಳಿಕೋಟಿ. ಸಿಂದಗಿ.
ಹಾಸುಗಲ್ಲಿನ ಮ್ಯಾಲ ಹೊಸಾ ರೂಪಾಯಿ ಬಿದ್ದಂಗ.
ಆಮ್ಯಾಲ ಬೋರ್ಡಿನಾಗ ಇಲ್ಲದ್ದು ಅಂದ,
ತನ್ನ ದನಿಯೊಳಗ, ಮೆಲ್ಲಕ:
"ಆ ಕಡೆ ಹೋಗಬ್ಯಾಡ್ರೆಪ್ಪಾ."

ಮೆಟ್ಟಲ ಇಳೀತಿದ್ದ ಹುಡುಗ, ಚಹಾದ ಕೇಟಲಿಯವ,
ಎತ್ತಿದ ಕಾಲು ಎತ್ತಿದಂಗ
ನಿಂತ.